ನೊಯ್ ತೋರಿಸಿದ ಜಲಪಾತ

ಜುಲೈ ತಿಂಗಳ ಒಂದು ಶನಿವಾರ ಬೆಳಿಗ್ಗೆ ಏಳೂವರೆಗೆ ಸರಿಯಾಗಿ ಮ್ಯಾನ್‌ಹೈಮ್‌ನಲ್ಲಿ ನನ್ನ ಮಗಳ ಮನೆಯ ಮುಂದೆ ಒಂದು ಬಿಳಿ ವ್ಯಾನ್ ಬಂದು ನಿಂತಿತು. ಮಗಳು ವಿದ್ಯಾ ಅಲ್ಲಿಂದ ಮುಕ್ಕಾಲು ಗಂಟೆ ದೂರದ ಸೇಂಟ್ ಲಿಯೋನ್-ರೋಟ್‌ನಲ್ಲಿ ಸಾಫ್ಟ್‌ವೇರ್ ಕೆಲಸ ಮಾಡುತ್ತಾಳೆ. ಮೂರು ತಿಂಗಳ ವೀಸಾ ಮೇಲೆ ನಾನು ಮೈಸೂರಿನಿಂದ ಅವಳಲ್ಲಿಗೆ ಹೋಗಿದ್ದೆ. ನನಗೆ ಎಪ್ಪತ್ತೆರಡು ತುಂಬಿತೆಂದು ಅವಳು ಕೊಟ್ಟ ಉಡುಗೊರೆ ಈ ಪ್ರವಾಸ. ನಮ್ಮ ಮನೆಯವರಿಗೆ ಮಾತ್ರ ಒಂದು ಗಾಡಿ, ಅದನ್ನು ಓಡಿಸುತ್ತ ಊರು ತೋರಿಸಲು ಒಬ್ಬ ಗೈಡ್, ಬ್ಲ್ಯಾಕ್ ಫಾರೆಸ್ಟ್ ಎಂಬ ಕಾಡುಬೆಟ್ಟಗಳ ಸೀಮೆಯಲ್ಲಿ ಒಂದು ಸಂತೆ, ಹಳೆಯ ಕಾಲದ ಮನೆಗಳು, ಕೊನೆಗೆ ಟ್ರೀಬರ್ಗ್ ಊರಿನ ಜಲಪಾತ. ಇಡೀ ದಿನಕ್ಕೆ ಮುನ್ನೂರೈವತ್ತು ಯೂರೋ.

"ಜೀವಮಾನ ಪೂರ್ತಿ ಬೇರೆಯವರಿಗೆ ಊರು ತೋರಿಸಿದ್ದೀರಿ. ಒಂದಿನ ನೀವು ಹಿಂದಿನ ಸೀಟಲ್ಲಿ ಆರಾಮಾಗಿ ಕೂತ್ಕೊಳ್ಳಿ ಅಪ್ಪ" ಎಂದಿದ್ದಳು.

ನಾನು ಎಸ್ಸೆಸ್ಸೆಲ್ಸಿ ಓದಿದವನು. ಮೂವತ್ತೆಂಟು ವರ್ಷ ಮೈಸೂರಿನಲ್ಲಿ ಟೂರಿಸ್ಟ್ ಟ್ಯಾಕ್ಸಿ ಓಡಿಸಿದೆ. ಮೊದಲು ಅಂಬಾಸಿಡರ್, ಆಮೇಲೆ ಬೇರೆ ಬೇರೆ ಗಾಡಿಗಳು. ಅಷ್ಟು ವರ್ಷದ ಅಭ್ಯಾಸ ಕಾಲಿಗೆ ಹತ್ತಿಬಿಟ್ಟಿದೆ. ಹಿಂದಿನ ಬಾಗಿಲು ತೆರೆದಿಟ್ಟಿದ್ದರೂ ನಾನು ಸೀದಾ ಮುಂದಿನ ಬಲಗಡೆಯ ಬಾಗಿಲಿಗೆ ಹೋಗಿ ಹತ್ತಿ ಕೂತೆ. ಆ ದೇಶದಲ್ಲಿ ಸ್ಟೇರಿಂಗ್ ಎಡಗಡೆ. ನನ್ನ ಜಾಗದಲ್ಲೇ ಕೂತಿದ್ದೆ, ಎದುರಿಗೆ ಸ್ಟೇರಿಂಗ್ ಮಾತ್ರ ಇರಲಿಲ್ಲ. ಎಂಟು ವರ್ಷದ ಮೊಮ್ಮಗಳು ಅನ್ವಿ ಹಿಂದೆ ಕಿಸಕ್ಕನೆ ನಕ್ಕಳು.

ಸ್ಟೇರಿಂಗ್ ಹಿಡಿದಿದ್ದ ಹೆಂಗಸೂ ನಕ್ಕರು. "ಪಾಪಾ, ಯು ಡ್ರೈವರ್?"

"ಥರ್ಟಿ ಎಯ್ಟ್ ಇಯರ್ಸ್" ಎಂದೆ.

ಅವರ ಹೆಸರು ನೊಯ್. ಥಾಯ್ಲೆಂಡಿನ ಉತ್ತರಭಾಗದ ಚಿಯಾಂಗ್‌ಮಾಯ್ ಕಡೆಯವರು, ಐವತ್ತರ ಆಸುಪಾಸು. ಜರ್ಮನ್ ಗಂಡನನ್ನು ಮದುವೆಯಾಗಿ ಬಂದು ಇಪ್ಪತ್ತು ವರ್ಷವಾಗಿದೆಯಂತೆ. ಊರಿನಲ್ಲಿದ್ದಾಗಲೂ ಇದೇ ಕೆಲಸ. ಜಲಪಾತ, ಬೆಳಗಿನ ಸಂತೆ, ಬುದ್ಧನ ಗುಡಿ, ಬೆಟ್ಟದ ಜನರ ಹಳ್ಳಿ, ಎಲ್ಲವನ್ನೂ ಒಂದೇ ದಿನದಲ್ಲಿ ತೋರಿಸುತ್ತಿದ್ದರಂತೆ. ಅವರ ಇಂಗ್ಲಿಷೂ ನನ್ನ ಇಂಗ್ಲಿಷೂ ಒಂದೇ ಗರಡಿಯವು. ಕ್ರಿಯಾಪದ ಕಡಿಮೆ, ಕೈಸನ್ನೆ ಜಾಸ್ತಿ. ಮಗಳ ಇಂಗ್ಲಿಷ್ ನನಗೆ ಅರ್ಧ ಅರ್ಥವಾಗುತ್ತದೆ, ನೊಯ್ ಹೇಳಿದ್ದು ಪೂರ್ತಿ ಅರ್ಥವಾಯಿತು.

ಆಟೋಬಾನ್ ಎಂಬ ಹೆದ್ದಾರಿ ಹಿಡಿದು ದಕ್ಷಿಣಕ್ಕೆ ಹೊರಟೆವು. ನೂರಿಪ್ಪತ್ತರಲ್ಲಿ ಹೋಗುತ್ತಿದ್ದ ನಮ್ಮನ್ನು ದಾಟಿಕೊಂಡು ಕಾರುಗಳು ಬಾಣದ ಹಾಗೆ ಹೋಗುತ್ತಿದ್ದವು. ನನ್ನ ಬಲಗಾಲು ಇಲ್ಲದ ಬ್ರೇಕನ್ನು ಒತ್ತುತ್ತಲೇ ಇತ್ತು. ವಿದ್ಯಾ ಡಬ್ಬಿ ತೆಗೆದು ಚಟ್ನಿ ಸವರಿದ ಬ್ರೆಡ್ ಕೊಟ್ಟಳು. ಆ ಚಟ್ನಿಯನ್ನು ಬೆಳಿಗ್ಗೆ ಅವಳು ಅವಳಮ್ಮನ ಮಿಕ್ಸಿಯಲ್ಲಿ ರುಬ್ಬಿದ್ದಳು. ನನ್ನ ಹೆಂಡತಿ ತೀರಿಕೊಂಡ ವರ್ಷ ವಿದ್ಯಾ ಒಡವೆ ಕೇಳಲಿಲ್ಲ, ಸೀರೆ ಕೇಳಲಿಲ್ಲ. ಆ ಹಳೆಯ ಮಿಕ್ಸಿಯನ್ನು ಟವೆಲಿನಲ್ಲಿ ಸುತ್ತಿ ಸೂಟ್‌ಕೇಸಿನಲ್ಲಿಟ್ಟುಕೊಂಡು ಹೋದಳು. ಮ್ಯಾನ್‌ಹೈಮ್‌ನಲ್ಲಿ ಪ್ರತಿ ಬೆಳಿಗ್ಗೆ ಅದರ ಸದ್ದು ಕೇಳಿದರೆ ಅವಳಿಗೆ ಅಮ್ಮ ಅಡುಗೆಮನೆಯಲ್ಲಿದ್ದ ಹಾಗೆ ಅನಿಸುತ್ತದಂತೆ. ನನಗೆ ಏನನಿಸುತ್ತಿತ್ತು ಎಂಬುದನ್ನು ನಾನು ಅವಳಿಗೆ ಹೇಳಿರಲಿಲ್ಲ.

ಹತ್ತು ಗಂಟೆಗೆ ಸ್ವಲ್ಪ ಮುಂಚೆ ಗೆಂಗನ್‌ಬಾಖ್ ಎಂಬ ಪುಟ್ಟ ಊರು ತಲುಪಿದೆವು. ಗೋಪುರದ ಬಾಗಿಲು, ಕಲ್ಲು ಹಾಸಿದ ಬೀದಿ, ಪ್ರತಿ ಕಿಟಕಿಯಲ್ಲೂ ಕೆಂಪು ಹೂವಿನ ಕುಂಡ. ಚೌಕದಲ್ಲಿ ವಾರದ ಸಂತೆ ನೆರೆದಿತ್ತು. ಚೆರ್ರಿ, ಜೇನು, ಹೊಗೆಯಲ್ಲಿ ಒಣಗಿಸಿದ ಹಂದಿಮಾಂಸ, ಕಾಡಿನಿಂದ ತಂದ ಹಳದಿ ಅಣಬೆ. ಯಾರೂ ಕೂಗುವುದಿಲ್ಲ, ಚೌಕಾಸಿ ಇಲ್ಲ. ಸರದಿಯಲ್ಲಿ ನಿಂತು ಎರಡು ಕ್ಯಾರೆಟ್ ಕೊಂಡವರೂ ಥ್ಯಾಂಕ್ಸ್ ಹೇಳಿ ಹೋಗುತ್ತಾರೆ. ಒಬ್ಬ ಅಜ್ಜಿ ಜೋಡಿ ಚೆರ್ರಿಯನ್ನು ಅನ್ವಿಯ ಕಿವಿಗೆ ಓಲೆಯ ಹಾಗೆ ನೇತುಹಾಕಿದಳು.

ನನಗೆ ನಮ್ಮ ದೇವರಾಜ ಮಾರ್ಕೆಟ್ ನೆನಪಾಯಿತು. ಗಡಿಯಾರದ ಗೋಪುರದ ಬಳಿ ಪ್ರವಾಸಿಗಳನ್ನು ಇಳಿಸಿ, ಬೋನೆಟ್ಟಿನ ಮೇಲೆ ಪೇಪರ್ ಹರಡಿಕೊಂಡು ನಿಂತರೆ ಒಳಗಿನಿಂದ ಮಲ್ಲಿಗೆ, ವೀಳ್ಯದೆಲೆ, ಕೊಳೆತ ಬಾಳೆಹಣ್ಣು ಎಲ್ಲ ಸೇರಿದ ವಾಸನೆ ಬರುತ್ತಿತ್ತು. ಒಂದು ಗಂಟೆಯ ಮೇಲೆ ಪುಟ್ಟಸ್ವಾಮಿ ಜನರನ್ನು ಕರೆದುಕೊಂಡು ಹೊರಗೆ ಬರುತ್ತಿದ್ದರು. ಎಲ್ಲರ ಹಣೆಗೂ ಕುಂಕುಮ, ಕೈಯಲ್ಲೊಂದೊಂದು ಹೂವಿನ ಮಾಲೆ. ಪುಟ್ಟಸ್ವಾಮಿ ಗೈಡ್. ಬಿ.ಎ. ಮಾಡಿದ್ದರು, ಬ್ಯಾಡ್ಜ್ ಹಾಕಿಕೊಳ್ಳುತ್ತಿದ್ದರು, ಶರ್ಟಿನ ಇಸ್ತ್ರಿ ಸಂಜೆಯವರೆಗೂ ಕೆಡುತ್ತಿರಲಿಲ್ಲ. ನನಗಿಂತ ಹತ್ತು ವರ್ಷ ದೊಡ್ಡವರು. ಏಳು ವರ್ಷ ನಾವಿಬ್ಬರೂ ಒಂದೇ ಗಾಡಿಯಲ್ಲಿ ದುಡಿದೆವು. ಮಧ್ಯಾಹ್ನ ಊಟಕ್ಕೆ ಕೂತರೆ ಅವರ ಡಬ್ಬಿಯ ಪಲ್ಯ ನನಗೆ, ನನ್ನ ಡಬ್ಬಿಯ ಉಪ್ಪಿನಕಾಯಿ ಅವರಿಗೆ. ನನಗೆ ತಿಳಿದಿರುವ ಇಂಗ್ಲಿಷೆಲ್ಲ ಅವರು ಹಿಂದಿನ ಸೀಟಿನ ಕಡೆ ತಿರುಗಿ ಹೇಳುತ್ತಿದ್ದದ್ದನ್ನು ಕೇಳಿ ಕಲಿತದ್ದು.

ಸಂತೆಯಿಂದ ಹೊರಟ ಮೇಲೆ ರಸ್ತೆ ಒಂದು ನದಿಯ ಪಕ್ಕದಲ್ಲಿ ಬೆಟ್ಟ ಹತ್ತತೊಡಗಿತು. ಎರಡೂ ಕಡೆ ಕಪ್ಪಾಗಿ ಕಾಣುವಷ್ಟು ಒತ್ತಾದ ಫರ್ ಮರಗಳು. ದಾರಿಯಲ್ಲಿ ಒಂದು ದೊಡ್ಡ ಗಡಿಯಾರದ ಅಂಗಡಿ ಸಿಕ್ಕಿತು. ಗೋಡೆಯೇ ಒಂದು ಗಡಿಯಾರ, ಗಂಟೆಗೊಮ್ಮೆ ಕೋಗಿಲೆ ಹೊರಗೆ ಬಂದು ಕೂಗುತ್ತದಂತೆ. ಮುಂದೆ ಏಳು ಬಸ್ಸು ನಿಂತಿದ್ದವು. ಡ್ರೈವರುಗಳು ಒಂದು ಮೂಲೆಯ ಮೇಜಿನ ಸುತ್ತ ಕೂತು ಕಾಫಿ ಕುಡಿಯುತ್ತಿದ್ದರು. ಜನ ತಂದವರಿಗೆ ಅಂಗಡಿಯವರ ಉಪಚಾರ ಅದು ಎಂದು ಆ ಮೇಜನ್ನು ನೋಡಿದ ಕೂಡಲೇ ನನಗೆ ಅರ್ಥವಾಯಿತು. ನೊಯ್ ಗಾಡಿ ನಿಲ್ಲಿಸಲಿಲ್ಲ.

"ನೋ ಶಾಪ್?" ಎಂದೆ.

ಅವರು ನನ್ನ ಕಡೆ ಓರೆಯಾಗಿ ನೋಡಿದರು. "ಅಂಗಡಿ ಬೇಕಾ ಪಾಪಾ? ಚಿಯಾಂಗ್‌ಮಾಯ್‌ನಲ್ಲಿ ನಾನೂ ಹೋಗ್ತಿದ್ದೆ. ಹರಳಿನ ಅಂಗಡಿಗೆ ಜನ ತಂದ್ರೆ ಪೆಟ್ರೋಲ್ ಕೂಪನ್. ಟೂರ್ ಪೇಪರ್‌ನಲ್ಲಿ ನಾಲ್ಕು ಜಾಗ ಬರೆದಿರ್ತಾರೆ. ಐದನೇದು ಬರೆದಿರಲ್ಲ. ನಿಮ್ಮೂರಲ್ಲಿ ಏನು ಕೊಡ್ತಿದ್ರು?"

"ಸೋಪು. ಊದಿನಕಡ್ಡಿ" ಎಂದೆ. ಇಬ್ಬರೂ ನಕ್ಕೆವು. ಒಂದೇ ಕಸುಬಿನವರು ಎಲ್ಲಿ ಸಿಕ್ಕರೂ ಗುರುತು ಹತ್ತುತ್ತದೆ. ಆದರೆ ನಾನು ಹೇಳಿದ್ದು ಪೂರ್ತಿ ನಿಜವಲ್ಲ. ನಮ್ಮೂರಿನ ಒಂದು ರೇಷ್ಮೆಯಂಗಡಿಯವರು ಒಂದು ಸಲ ಮಿಕ್ಸಿಯನ್ನೂ ಕೊಟ್ಟಿದ್ದರು.

ವಿದ್ಯಾಗೆ ಆಗ ಐದು ವರ್ಷ. ಗೌರಿಹಬ್ಬ ಹತ್ತಿರವಿತ್ತು. ಆ ಆಗಸ್ಟ್‌ನಲ್ಲಿ ಹೆಚ್ಚು ಪ್ರವಾಸಿಗಳನ್ನು ತಂದ ಡ್ರೈವರಿಗೆ ಮಿಕ್ಸಿ ಎಂದು ಅಂಗಡಿಯವರು ಹೇಳಿದ್ದರು. ನನ್ನ ಹೆಂಡತಿ ಒರಳುಕಲ್ಲಿನಲ್ಲಿ ರುಬ್ಬಿ ರುಬ್ಬಿ ಭುಜ ಹಿಡಿದುಕೊಂಡು ಕೂರುತ್ತಿದ್ದಳು. ಕೊನೆಯ ದಿನ ನಾನೂ ಇನ್ನೊಬ್ಬ ಡ್ರೈವರೂ ಸಮವಾಗಿ ನಿಂತಿದ್ದೆವು. ಆ ದಿನ ನನ್ನ ಗಾಡಿಯಲ್ಲಿದ್ದದ್ದು ಒಬ್ಬಳೇ ಒಬ್ಬ ಜರ್ಮನ್ ಹೆಂಗಸು. ಅರವತ್ತು ದಾಟಿರಬಹುದು, ಬಿಳಿಕೂದಲು. ಬಣ್ಣದ ಪೆಟ್ಟಿಗೆ, ಮಡಿಸುವ ಒಂದು ನೀಲಿ ಕ್ಯಾನ್ವಾಸ್ ಸ್ಟೂಲು ತಂದಿದ್ದಳು. ಶಿವನಸಮುದ್ರದಲ್ಲಿ ಗಗನಚುಕ್ಕಿಯ ಎದುರಿಗೆ ಕೂತು ಚಿತ್ರ ಬರೆಯಬೇಕು, ಅರಮನೆ ಬಿಟ್ಟರೂ ಚಿಂತೆಯಿಲ್ಲ ಎಂದು ಬೆಳಿಗ್ಗೆಯೇ ಹೇಳಿದ್ದಳು. ಸೋಮನಾಥಪುರದ ಗುಡಿ ನೋಡಿ ಹೊರಬರುವಾಗ ಮಧ್ಯಾಹ್ನ. ಅಲ್ಲಿಂದ ಶಿವನಸಮುದ್ರಕ್ಕೆ ಹೋಗಿ, ಅವಳು ಚಿತ್ರ ಬರೆದು, ಮೈಸೂರಿಗೆ ಮರಳುವ ಹೊತ್ತಿಗೆ ಅಂಗಡಿಯ ಬಾಗಿಲು ಹಾಕಿರುತ್ತದೆ.

ನಾನು ಹಿಂದಕ್ಕೆ ತಿರುಗಿ ಹೇಳಿದೆ. "ಮೇಡಂ, ಫಾಲ್ಸ್ ನೋ ವಾಟರ್. ಡ್ಯಾಮ್ ಕ್ಲೋಸ್."

ಪಕ್ಕದಲ್ಲಿ ಕೂತಿದ್ದ ಪುಟ್ಟಸ್ವಾಮಿ ಕನ್ನಡದಲ್ಲಿ ಮೆಲ್ಲಗೆ ಅಂದರು. "ಬೇಡ ಕಣೋ ನಂಜುಂಡ. ಅದಕ್ಕೇ ಅಂತ ಬಂದವಳು." ನಾನು ಗಾಡಿ ತಿರುಗಿಸಿದೆ. ಸಂಜೆ ಅವಳು ರೇಷ್ಮೆಯಂಗಡಿಯಲ್ಲಿ ಒಂದು ಕರವಸ್ತ್ರ ಕೊಂಡಳು. ಹಬ್ಬಕ್ಕೆ ನಮ್ಮ ಮನೆಗೆ ಮಿಕ್ಸಿ ಬಂತು.

ಎರಡು ತಿಂಗಳಿಗೆ ಅವಳಿಂದ ಟ್ರಾವೆಲ್ಸ್ ಆಫೀಸಿಗೆ ಕಾಗದ ಬಂತು. ದೂರಲ್ಲ. ಯಾವ ತಿಂಗಳಲ್ಲಿ ನೀರಿರುತ್ತದೆ ಎಂದು ತಿಳಿಸಿದರೆ ಮತ್ತೊಮ್ಮೆ ಬರುತ್ತೇನೆ ಎಂದು ಕೇಳಿದ್ದಳು. ಆ ವರ್ಷ ಕಾವೇರಿ ತುಂಬಿ ಹರಿದದ್ದು ಊರಿಗೆಲ್ಲ ಗೊತ್ತಿತ್ತು. ಆಫೀಸಿನ ಮಾಲೀಕರಾದ ಸಾಹುಕಾರರು ನಮ್ಮಿಬ್ಬರನ್ನೂ ಕರೆಸಿದರು. ನಾನು ಬಾಯಿಬಿಟ್ಟು ಹೇಳಿದ್ದು ಒಂದೇ ಮಾತು: "ಗೈಡ್ ಹೇಳಿದ್ರು ಸಾರ್, ನಾನು ಗಾಡಿ ತಿರುಗಿಸಿದೆ." ಪುಟ್ಟಸ್ವಾಮಿ ನನ್ನನ್ನು ಒಮ್ಮೆ ನೋಡಿದರು. ಏನೂ ಹೇಳಲಿಲ್ಲ. ಆ ಆಫೀಸು ಅವರನ್ನು ಕರೆಯುವುದನ್ನು ನಿಲ್ಲಿಸಿತು, ಸುದ್ದಿ ಹರಡಿ ಉಳಿದವರೂ ನಿಲ್ಲಿಸಿದರು. ಟ್ಯಾಕ್ಸಿ ಸ್ಟ್ಯಾಂಡಿನಲ್ಲಿ ಹುಡುಗರು 'ಜಲಪಾತ ನುಂಗಿದ ಪುಟ್ಟಸ್ವಾಮಿ' ಎಂದು ಹೆಸರಿಟ್ಟರು. ಹಾಗೆ ಅಂದಾಗ ನಾನೂ ಅವರ ಜೊತೆ ನಕ್ಕಿದ್ದೇನೆ. ಪುಟ್ಟಸ್ವಾಮಿ ಮನೆಯಲ್ಲಿ ಇಂಗ್ಲಿಷ್ ಪಾಠ ಹೇಳಿ ಸಂಸಾರ ತೂಗಿಸಿದರು. ನೀಲಿ ಸ್ಟೂಲನ್ನು ಆ ಹೆಂಗಸು ನನ್ನ ಡಿಕ್ಕಿಯಲ್ಲಿ ಮರೆತು ಹೋಗಿದ್ದಳು. ಅದು ಗಾಡಿ ಮಾರುವವರೆಗೂ ಅಲ್ಲೇ ಇತ್ತು.

ಇದನ್ನು ಒಂದು ದಿನ ಹೇಳಿಬಿಡಬೇಕು ಎಂದು ಮೂವತ್ತು ವರ್ಷದಿಂದ ಅಂದುಕೊಂಡಿದ್ದೆ. ಮ್ಯಾನ್‌ಹೈಮ್‌ನ ಟ್ರಾಮಿನಲ್ಲಿ ಬಿಳಿಕೂದಲಿನ ಹೆಂಗಸರನ್ನು ಕಂಡಾಗಲೆಲ್ಲ ಆ ಚಿತ್ರ ಬರೆಯುವವಳೇ ಇರಬಹುದೇ ಎಂದು ನೋಡುತ್ತಿದ್ದೆ. ಅವಳು ಸಿಗುವುದಿಲ್ಲ, ನನಗೆ ಗೊತ್ತು. ಪುಟ್ಟಸ್ವಾಮಿ ಸಿಗುತ್ತಾರೆ. ಅವರಿಗೆ ಎಂಬತ್ತೆರಡು. ಅವರ ನಂಬರ್ ನನ್ನ ಫೋನಿನಲ್ಲಿದೆ.

ಹಳೆಯ ಮರದ ಮನೆಗಳನ್ನು ತಂದು ಒಂದು ಬಯಲಿನಲ್ಲಿ ಜೋಡಿಸಿಟ್ಟ ಜಾಗಕ್ಕೆ ನೊಯ್ ನಮ್ಮನ್ನು ಕರೆದೊಯ್ದರು. ನೆಲದವರೆಗೆ ಇಳಿದ ದೊಡ್ಡ ಮಾಡುಗಳು. ಒಂದೇ ಸೂರಿನಡಿ ಜನ, ದನ, ಹುಲ್ಲು. ಅಡುಗೆಮನೆಗೆ ಚಿಮಣಿ ಇಲ್ಲ, ತೊಲೆಗಳು ಹೊಗೆಗೆ ಇದ್ದಲಿನಂತೆ ಕಪ್ಪಾಗಿದ್ದವು. ಆಮೇಲೆ ಒಂದು ಹುಲ್ಲುಗಾವಲಿನ ಬೆಂಚಿನ ಮೇಲೆ ಊಟ. ನಾವು ಚಿತ್ರಾನ್ನ ತಂದಿದ್ದೆವು, ನೊಯ್ ಬಿದಿರಿನ ಬುಟ್ಟಿಯಲ್ಲಿ ಅಂಟು ಅನ್ನ, ಒಂದು ಖಾರದ ಪರಂಗಿಕಾಯಿ ಕೋಸಂಬರಿ ತಂದಿದ್ದರು. ಅವರು ಬುಟ್ಟಿಯನ್ನು ನನ್ನ ಕಡೆ ತಳ್ಳಿ, ನಮ್ಮ ಚಿತ್ರಾನ್ನಕ್ಕೆ ತಾವು ಕೈಹಾಕಿದರು. ಡಬ್ಬಿ ಬದಲಾಯಿಸಿ ಉಂಡು ನನಗೆ ಎಷ್ಟೋ ವರ್ಷವಾಗಿತ್ತು.

ಊಟ ಮುಗಿದ ಮೇಲೆ ನೊಯ್ ಕೈ ಒರೆಸಿಕೊಂಡು ಹೇಳಿದರು. "ಒಂದು ಮಾತು. ಮೂರು ವಾರದಿಂದ ಇಲ್ಲಿ ಮಳೆ ಇಲ್ಲ. ಜಲಪಾತದಲ್ಲಿ ನೀರು ಕಮ್ಮಿ. ಫೋಟೋದಲ್ಲಿ ನೋಡಿದ ಹಾಗಿಲ್ಲ. ಬೇಡ ಅಂದ್ರೆ ಒಂದು ಕೆರೆ ಇದೆ, ಮಗುಗೆ ದೋಣಿ ಸಿಗುತ್ತೆ. ನನಗೆ ಎರಡೂ ಒಂದೇ. ನೀವು ಹೇಳಿ."

ನಾನು ಅವರ ಮುಖವನ್ನೇ ನೋಡಿದೆ. ಅಷ್ಟು ಸುಲಭದ ಮಾತು ಅದು. ಇರುವಷ್ಟನ್ನು ಹೇಳುವುದು, ಆಮೇಲೆ ಸುಮ್ಮನಿರುವುದು.

"ಬೂಟ್! ಬಿಟ್ಟೆ, ಬಿಟ್ಟೆ" ಎಂದಳು ಅನ್ವಿ, ದೋಣಿಗೇ ಹೋಗೋಣ ಎಂದು ಜರ್ಮನ್‌ನಲ್ಲಿ.

"ಹೌದಪ್ಪ, ಕೆರೆಗೇ ಹೋಗಣ. ನಿಮಗೂ ಹತ್ತೋ ಕಷ್ಟ ಇರಲ್ಲ" ಎಂದಳು ವಿದ್ಯಾ.

"ನೀರು ಇದೆಯಲ್ಲ, ಸ್ವಲ್ಪವಾದರೂ? ಜಲಪಾತಕ್ಕೆ ಹೋಗೋಣ" ಎಂದೆ. ಅನ್ವಿ ಟ್ರೀಬರ್ಗ್ ಬರುವವರೆಗೆ ನನ್ನ ಜೊತೆ ಮಾತಾಡಲಿಲ್ಲ.

ಟಿಕೆಟ್ ಒಬ್ಬರಿಗೆ ಎಂಟು ಯೂರೋ. ಅಲ್ಲೇ ಶೇಂಗಾದ ಪೊಟ್ಟಣ ಮಾರುತ್ತಾರೆ, ಅಳಿಲುಗಳಿಗೆ ಹಾಕಲು. ಕೆಂಪು ಬಣ್ಣದ ಒಂದು ಅಳಿಲು ಅನ್ವಿಯ ಅಂಗೈಯಿಂದಲೇ ಕಾಳು ತೆಗೆದುಕೊಂಡಿತು. ಅವಳು ಅದರ ಜರ್ಮನ್ ಹೆಸರನ್ನು ನನ್ನಿಂದ ಹೇಳಿಸಲು ನಾಲ್ಕು ಸಲ ಪ್ರಯತ್ನಿಸಿ, "ನೈನ್, ಹಾಗಲ್ಲ ತಾತ" ಎಂದು ಕೈಬಿಟ್ಟಳು. ಅಲ್ಲಿಗೆ ಜಗಳ ಮುಗಿಯಿತು.

ಕಾಡಿನ ನಡುವೆ ಹತ್ತುವ ದಾರಿ. ನೀರು ಏಳು ಮೆಟ್ಟಿಲಾಗಿ ಬಂಡೆಗಳ ಮೇಲೆ ಇಳಿಯುತ್ತದೆ. ನೊಯ್ ಹೇಳಿದ್ದು ನಿಜ. ಅಗಲವಾದ ಕರಿಬಂಡೆಯ ಮೇಲೆ ನೀರು ಒಂದು ಬಿಳಿ ಪಂಚೆಯ ಅಂಚಿನಷ್ಟೇ ಇತ್ತು. ಆದರೆ ಸದ್ದಿತ್ತು, ತಣ್ಣನೆಯ ಹನಿ ಮುಖಕ್ಕೆ ಬರುತ್ತಿತ್ತು. ಎರಡನೆಯ ಸೇತುವೆಯ ಹತ್ತಿರ ನನಗೆ ಏದುಸಿರು ಬಂತು. ನೊಯ್ ಹೆಗಲಿನ ಚೀಲದಿಂದ ಮಡಿಸಿದ ಒಂದು ಸ್ಟೂಲು ತೆಗೆದು ಬಿಡಿಸಿ ಇಟ್ಟರು. "ವಯಸ್ಸಾದವರಿಗೆ ಅಂತ ಯಾವಾಗಲೂ ತರ್ತೀನಿ. ಕೂತ್ಕೊಳ್ಳಿ ಪಾಪಾ."

ಅದರ ಕ್ಯಾನ್ವಾಸು ಹಸಿರು. ನೀಲಿಯಲ್ಲ. ಆದರೂ ನನಗೆ ಕೂರಲಾಗಲಿಲ್ಲ. ಅದನ್ನು ಜಲಪಾತದ ಎದುರಿಗೆ ತಿರುಗಿಸಿಟ್ಟು ಪಕ್ಕದಲ್ಲಿ ನಿಂತೆ.

"ಯಾಕಪ್ಪ? ಕೂತ್ಕೊಳ್ಳಿ" ಎಂದಳು ವಿದ್ಯಾ.

ಅಲ್ಲೇ ನಿಂತು ಅವಳಿಗೆ ಎಲ್ಲವನ್ನೂ ಹೇಳಿದೆ. ನೊಯ್ ಅನ್ವಿಯನ್ನು ಕರೆದುಕೊಂಡು ಸೇತುವೆಯ ಆ ಕಡೆಗೆ ಹೋದರು. ಏನೋ ನಡೆಯುತ್ತಿದೆ ಎಂದು ಅವರಿಗೆ ತಿಳಿದಿರಬೇಕು. ಗೈಡುಗಳಿಗೆ ತಿಳಿಯುತ್ತದೆ.

ವಿದ್ಯಾ ನೀರಿನ ಕಡೆಯಿಂದ ನನ್ನತ್ತ ತಿರುಗಿದಳು. "ಪುಟ್ಟಸ್ವಾಮಿ ಮೇಷ್ಟ್ರಿಗಾ ಹೀಗೆ ಮಾಡಿದ್ದು? ಏಳನೇ ಕ್ಲಾಸಿಂದ ಟೆಂತ್‌ವರೆಗೂ ನನ್ನ ಅವರ ಹತ್ರನೇ ಟ್ಯೂಷನ್‌ಗೆ ಕಳಿಸಿದ್ರಲ್ಲಪ್ಪ ನೀವು. ಹೇಗೆ ಕಳಿಸಿದ್ರಿ?"

"ಅವರಷ್ಟು ಚೆನ್ನಾಗಿ ಇಂಗ್ಲಿಷ್ ಬರೋರು ಯಾರೂ ಇರಲಿಲ್ಲ" ಎಂದೆ. ಅದು ಉತ್ತರವಲ್ಲ ಎಂದು ನನಗೂ ಗೊತ್ತಿತ್ತು.

"ಅಮ್ಮಂಗೆ ಗೊತ್ತಿತ್ತಾ, ಮಿಕ್ಸಿ ಹೇಗೆ ಬಂತು ಅಂತ?"

"ಇಲ್ಲ."

"ನನ್ನ ಇಂಟರ್‌ವ್ಯೂ ಇಂಗ್ಲಿಷು ಅವರು ಕಲಿಸಿದ್ದು. ಈ ದೇಶಕ್ಕೆ ಬಂದಿದ್ದೂ ಅದರಿಂದಲೇ. ಈಗ ಮೈಸೂರಲ್ಲಿ ಸಂಜೆ ಐದೂವರೆ. ಎದ್ದಿರ್ತಾರೆ, ಫೋನ್ ಮಾಡಿ."

"ಮನೆಗೆ ಹೋಗಿ ಮಾಡ್ತೀನಿ."

"ಮನೆಗೆ ಹೋದ್ರೆ ಮಾಡಲ್ಲ ನೀವು. ಇಲ್ಲೇ ಮಾಡಿ. ನೀರಿನ ಎದುರಿಗೇ ಮಾಡಿ."

ಐದಾರು ಸಲ ರಿಂಗಾದ ಮೇಲೆ ಅವರೇ ಎತ್ತಿದರು. ದನಿ ಸಣ್ಣಗಾಗಿತ್ತು, ಆದರೆ ಉಚ್ಚಾರ ಹಾಗೇ ಇತ್ತು.

"ಅಣ್ಣ, ನಾನು ನಂಜುಂಡ. ಜರ್ಮನಿಯಿಂದ ಮಾತಾಡ್ತಿದೀನಿ."

"ಓಹೋ. ಫಾರಿನ್ ಟ್ರಿಪ್ಪು. ಏನು ಸದ್ದು ಅದು?"

"ಜಲಪಾತ ಅಣ್ಣ."

ನಾನು ನಿಲ್ಲಿಸದೆ ಹೇಳಿದೆ. ಮಿಕ್ಸಿಯ ವಿಷಯ, ಸಾಹುಕಾರರ ಮುಂದೆ ಆಡಿದ ಮಾತು, ಸ್ಟ್ಯಾಂಡಿನಲ್ಲಿ ನಕ್ಕದ್ದು. ತಪ್ಪಾಯಿತು ಎಂದೆ.

"ಹೇಳಿ ಮುಗೀತಾ?" ಎಂದರು.

"ಮುಗೀತಣ್ಣ."

"ಇದರಲ್ಲಿ ನನಗೆ ಹೊಸದು ಅಂದ್ರೆ ಮಿಕ್ಸಿ ಒಂದೇ ಕಣಯ್ಯ. ಅಂಗಡಿಯೋರು ಕೊಡಿಸೋ ಬಿರಿಯಾನಿಗೆ ನೀನು ಹಾಗೆ ಮಾಡಿದೆ ಅಂದ್ಕೊಂಡಿದ್ದೆ ನಾನು. ಉಳಿದಿದ್ದೆಲ್ಲ ನನಗೆ ಗೊತ್ತು. ಗಾಡೀಲಿ ನಿನ್ನ ಪಕ್ಕದಲ್ಲೇ ಕೂತಿದ್ದೆನಲ್ಲ. ಗೊತ್ತಿರೋನಿಗೆ ಹೇಳಿ ಏನು ಪ್ರಯೋಜನ? ಗೊತ್ತಿಲ್ಲದೋರಿಗೆ ಹೇಳು."

"ಸಾಹುಕಾರರು ಹೋದರಲ್ಲ ಅಣ್ಣ. ಇನ್ನು ಯಾರಿಗೆ ಹೇಳಲಿ?"

"ಸಾಹುಕಾರ ಹೋದ. ಊರು ಎಲ್ಲಿ ಹೋಯ್ತು? ಮೊನ್ನೆ ನನ್ನ ಮೊಮ್ಮಗನ್ನ ಒಬ್ಬ ಕೇಳಿದನಂತೆ, ಜಲಪಾತ ನುಂಗಿದ ಪುಟ್ಟಸ್ವಾಮಿ ಮೊಮ್ಮಗನಾ ನೀನು ಅಂತ. ಊರು ಓದೋ ಹಾಗೆ ಬರೆದು ಹಾಕು."

"ಬರೀತೀನಿ ಅಣ್ಣ" ಎಂದೆ.

"ಅಲ್ಲಿ ನೀರು ಹೇಗಿದೆ?" ಎಂದು ಅವರೇ ಕೇಳಿದರು.

"ಸ್ವಲ್ಪ ಇದೆ ಅಣ್ಣ. ಮಳೆಯಿಲ್ಲ."

"ಸ್ವಲ್ಪ ಇದ್ರೆ ಸ್ವಲ್ಪ ಅಂತ್ಲೇ ಬರಿ. ವಿದ್ಯಾ ಇದ್ರೆ ಕೊಡು."

ವಿದ್ಯಾ ಫೋನ್ ತೆಗೆದುಕೊಂಡು ದೂರ ಹೋದಳು. ಅವರು ಏನು ಮಾತಾಡಿದರು ಎಂದು ನಾನು ಕೇಳಲಿಲ್ಲ. ನೊಯ್ ಮರಳಿ ಬಂದು ಖಾಲಿ ಸ್ಟೂಲನ್ನೂ ನನ್ನನ್ನೂ ನೋಡಿ, ಅದನ್ನು ಮಡಿಸಿ ಚೀಲಕ್ಕೆ ಹಾಕಿಕೊಂಡರು. ಇಳಿಯುವಾಗ ತಿರುವಿನಲ್ಲಿ ಒಮ್ಮೆ ಹಿಂದೆ ನೋಡಿದೆ. ಮರಗಳ ಸಂದಿಯಲ್ಲಿ ಆ ತೆಳ್ಳನೆಯ ನೀರು ಇಳಿಯುತ್ತಲೇ ಇತ್ತು.

ಸಂಜೆ ಏಳಕ್ಕೆ ಮ್ಯಾನ್‌ಹೈಮ್ ತಲುಪಿದಾಗ ಬಿಸಿಲು ಇನ್ನೂ ಜೋರಾಗಿತ್ತು. ಹೋಗಿ ಬಂದು ಮುನ್ನೂರೆಂಬತ್ತು ಕಿಲೋಮೀಟರ್. ನೊಯ್ ಕೈಮುಗಿದು, ಅವರ ದೇಶದ ರೀತಿಯಲ್ಲಿ ತಲೆಬಾಗಿಸಿ ಹೊರಟರು. ನಾನೂ ಕೈಮುಗಿದೆ. ಮಾರನೆಯ ಬೆಳಿಗ್ಗೆ ಅಡುಗೆಮನೆಯಿಂದ ಮಿಕ್ಸಿಯ ಸದ್ದು ಕೇಳಲಿಲ್ಲ. ವಿದ್ಯಾ ಬ್ರೆಡ್ಡಿಗೆ ಜಾಮ್ ಸವರಿ ತಟ್ಟೆಯಲ್ಲಿಟ್ಟಿದ್ದಳು. ಅದರ ಮರುದಿನವೂ ಜಾಮ್. ಐದನೆಯ ದಿನ ಸದ್ದು ಕೇಳಿತು. ಇಬ್ಬರೂ ಕೂತು ಚಟ್ನಿ ತಿಂದೆವು.

ಪುಟ್ಟಸ್ವಾಮಿಯವರು ಹೇಳಿದಂತೆ ಇದನ್ನು ಬರೆದಿದ್ದೇನೆ. ಮೈಸೂರಿನಲ್ಲಿ ಆ ಅಡ್ಡಹೆಸರನ್ನು ಕೇಳಿದವರು, ಅಂದವರು, ನಕ್ಕವರು ಯಾರಾದರೂ ಓದಿದರೆ ದಯವಿಟ್ಟು ತಿಳಿದುಕೊಳ್ಳಿ. ಗೈಡ್ ಪುಟ್ಟಸ್ವಾಮಿ ಬೇಡವೆಂದಿದ್ದರು. ಗಾಡಿ ತಿರುಗಿಸಿದವನು ನಾನು, ಡ್ರೈವರ್ ನಂಜುಂಡ. ಅದು ಆಗಸ್ಟ್ ತಿಂಗಳು, ಕಾವೇರಿ ತುಂಬಿತ್ತು. ಆ ದಿನ ಗಗನಚುಕ್ಕಿಯಲ್ಲಿ ನೀರಿತ್ತು.